ಈಜಿಪ್ಟಿನ ನಟ ಅಹ್ಮದ್ ಝಕಿ ಯಾರು? ಅವರಿಗೆ ಅಷ್ಟೊಂದು ಹೆಸರು ಏಕೆ?

ನೈಲ್ ಮುಖಜಭೂಮಿಯ ಝಗಾಝಿಗ್ ಊರಿನವರು. ಎಳವೆಯಲ್ಲೇ ತಂದೆ ತೀರಿಕೊಂಡರು, ತಾಯಿ ಮರುಮದುವೆಯಾದರು. ಹುಡುಗ ಬಂಧುಗಳ ಮನೆಯಲ್ಲಿ ಬೆಳೆದ. ಮುಂದೆ ಕೈರೋದಲ್ಲಿ ನಾಟಕ ಕಲಿತು ರಂಗಭೂಮಿಯ ಮೂಲಕ ಸಿನಿಮಾಕ್ಕೆ ಬಂದರು. ನಾಯಕನೆಂದರೆ ಬೆಳ್ಳಗೆ, ನುಣ್ಣಗೆ ಇರಬೇಕೆಂಬ ಕಾಲದಲ್ಲಿ ಅವರದು ಕಪ್ಪು ಮೈಬಣ್ಣ, ಗುಂಗುರು ಕೂದಲು. ಜನಸಾಮಾನ್ಯರು ತಮ್ಮದೇ ಮುಖವನ್ನು ತೆರೆಯ ಮೇಲೆ ಕಂಡದ್ದು ಅವರಲ್ಲಿ.

ಒಂದೇ ಚಿತ್ರ ನೋಡುವುದಾದರೆ 1986ರ ‘ಅಲ್-ಬರೀ’ ನೋಡಿ. ಹೆಸರಿನ ಅರ್ಥ ‘ಮುಗ್ಧ’. ನಿರ್ದೇಶಕ ಆತಿಫ್ ಅಲ್-ತಯ್ಯಿಬ್. ಮರುಭೂಮಿಯ ಸೆರೆಮನೆ ಕಾಯುವ ಹಳ್ಳಿಯ ಸೈನಿಕನಿಗೆ, ಕೈದಿಗಳೆಲ್ಲ ದೇಶದ ಶತ್ರುಗಳೆಂದು ಹೇಳಿಕೊಟ್ಟಿರುತ್ತಾರೆ. ಒಂದು ದಿನ ಹೊಸ ಕೈದಿಗಳನ್ನು ಹೊಡೆಯುವಾಗ ಅವರ ನಡುವೆ ತನ್ನೂರಿನ ಗೆಳೆಯನ ಮುಖ ಕಾಣುತ್ತದೆ. ಎತ್ತಿದ ಕೈ ನಿಲ್ಲುತ್ತದೆ. ನಂಬಿದ್ದೆಲ್ಲ ಕುಸಿಯುವುದನ್ನು ಝಕಿ ಕಣ್ಣಿನಲ್ಲೇ ತೋರಿಸುತ್ತಾರೆ. ಇದಕ್ಕೆ ಸಮನಾದ ಅಭಿನಯವನ್ನು ನಾನು ಹೆಚ್ಚು ಕಂಡಿಲ್ಲ. ಚಿತ್ರದ ಕೊನೆಯ ದೃಶ್ಯಕ್ಕೆ ಆಗ ಸೆನ್ಸಾರ್ ಕತ್ತರಿ ಬಿತ್ತು.

1979ರ ಕಿರುತೆರೆ ಧಾರಾವಾಹಿಯಲ್ಲಿ ಅಂಧ ಸಾಹಿತಿ ತಾಹಾ ಹುಸೇನ್, 1996ರ ಚಿತ್ರದಲ್ಲಿ ಸೂಯೆಜ್ ಕಾಲುವೆಯನ್ನು ರಾಷ್ಟ್ರೀಕರಿಸಿದ ಈಜಿಪ್ಟ್ ಅಧ್ಯಕ್ಷ ನಾಸರ್, 2001ರ ಚಿತ್ರದಲ್ಲಿ ಅಧ್ಯಕ್ಷ ಸಾದತ್: ಹೀಗೆ ನಿಜಜೀವನದ ವ್ಯಕ್ತಿಗಳನ್ನೂ ತೆರೆಗೆ ತಂದರು.

ಕೊನೆಯ ಪಾತ್ರ, ತಮ್ಮಂತೆಯೇ ಅನಾಥರಾಗಿ ಬೆಳೆದ ಗಾಯಕ ಅಬ್ದೆಲ್ ಹಲೀಮ್ ಹಾಫೆಜ್ ಅವರದು. ಶ್ವಾಸಕೋಶದ ಕ್ಯಾನ್ಸರ್ ಇದ್ದರೂ ಚಿತ್ರೀಕರಣಕ್ಕೆ ಬಂದರು. 2005ರ ಮಾರ್ಚ್‌ನಲ್ಲಿ, ಚಿತ್ರ ಮುಗಿಯುವ ಮೊದಲೇ ನಿಧನರಾದರು. ಗಾಯಕನ ಯೌವನದ ಭಾಗವನ್ನು ಝಕಿಯವರ ಮಗ ಹೈಥಮ್ ಅಭಿನಯಿಸಿ, 2006ರಲ್ಲಿ ಅದು ಬಿಡುಗಡೆಯಾಯಿತು.