ಎಂಎಸ್‌ವಿಸಿಪಿ140.ಡಿಎಲ್ಎಲ್ ಇಲ್ಲ ಅಂತ ಬಂದರೆ ನೆಟ್‌ನಿಂದ ಇಳಿಸಿ ಹಾಕಬಹುದೇ?

ನಿಮ್ಮ ಪ್ರಶ್ನೆಯಲ್ಲಿ ಎರಡು ವಿಷಯ ಇವೆ. ಬಿಲ್ಲಿಂಗ್ ಸಾಫ್ಟ್‌ವೇರ್ ತೆರೆದರೆ ‘ಎಂಎಸ್‌ವಿಸಿಪಿ140.ಡಿಎಲ್ಎಲ್ ಸಿಗಲಿಲ್ಲ’ ಅಂತ ಬರುತ್ತಿದೆ, ಆ ಫೈಲನ್ನು ಯಾವುದೋ ಸೈಟ್‌ನಿಂದ ತಂದು ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಲೇ ಅಂತ ಕೇಳಿದ್ದೀರಿ. ಜೊತೆಗೆ ಸಿ ಡ್ರೈವ್ ತುಂಬಿದೆ, ಹಳೇ ಡಿಎಲ್ಎಲ್‌ಗಳನ್ನು ಅಳಿಸಿದರೆ ನಡೆಯುತ್ತದೆಯೇ ಅಂತಲೂ ಕೇಳಿದ್ದೀರಿ. ಎರಡೂ ಬೇಡ. ನಾನು ಬಾಗಲಕೋಟೆ ನವನಗರದಲ್ಲಿ ಕಂಪ್ಯೂಟರ್ ರಿಪೇರಿ ಮಾಡುವವನು. ಯಾಕೆ ಬೇಡ ಅಂತ ಒಮ್ಮೆ ತಿಳಿದುಕೊಂಡರೆ ನಾಳೆ ಬೇರೆ ಡಿಎಲ್ಎಲ್ ಹೆಸರು ಬಂದರೂ ನೀವೇ ದಾರಿ ಹುಡುಕಿಕೊಳ್ಳಬಹುದು, ಅದಕ್ಕೆ ಸ್ವಲ್ಪ ಉದ್ದ ಬರೆಯುತ್ತೇನೆ.

ನೋಟ್‌ಪ್ಯಾಡ್ ತೆರೆದು ಫೈಲ್ ಮೆನುವಿನಲ್ಲಿ ಓಪನ್ ಒತ್ತಿ. ಆಮೇಲೆ ಪೇಂಟ್ ತೆರೆದು ಅಲ್ಲಿಯೂ ಓಪನ್ ಒತ್ತಿ. ಎರಡರಲ್ಲೂ ಬರುವುದು ಒಂದೇ ಥರದ ಕಿಟಕಿ. ಅದನ್ನು ನೋಟ್‌ಪ್ಯಾಡ್‌ನವರು ಬೇರೆ, ಪೇಂಟ್‌ನವರು ಬೇರೆ ಬರೆದಿಲ್ಲ. ಕಾಮ್‌ಡಿಎಲ್‌ಜಿ32.ಡಿಎಲ್ಎಲ್ ಎಂಬ ಫೈಲಿನಲ್ಲಿ ಆ ಕಿಟಕಿ ತೆರೆಯುವ ಕೋಡ್ ಇದೆ, ಬೇಕಾದ ಪ್ರೋಗ್ರಾಮುಗಳೆಲ್ಲ ಅದನ್ನೇ ಕರೆಯುತ್ತವೆ. ಡೈನಮಿಕ್ ಲಿಂಕ್ ಲೈಬ್ರರಿ ಅಂದರೆ ಇಷ್ಟೇ: ಹಲವು ಪ್ರೋಗ್ರಾಮುಗಳಿಗೆ ಬೇಕಾದ ಕೋಡ್, ಐಕಾನ್, ಸಂದೇಶಗಳನ್ನು ಒಂದು ಕಡೆ ಇಟ್ಟ ಫೈಲ್. ಹತ್ತು ಪ್ರೋಗ್ರಾಮು ಬಳಸಿದರೂ ಸಾಮಾನ್ಯವಾಗಿ ರ‍್ಯಾಮ್‌ನಲ್ಲಿ ಆ ಕೋಡಿನ ಒಂದೇ ಪ್ರತಿ ಇರುತ್ತದೆ, ಡೇಟಾ ಮಾತ್ರ ಅವರವರದು ಅವರಿಗೆ. 1985ರಲ್ಲಿ ಮೊದಲ ವಿಂಡೋಸ್ ಬಂದಾಗ 256 ಕೆಬಿ ಮೆಮೊರಿ ಇದ್ದರೆ ಓಡುತ್ತಿತ್ತು. ಅಷ್ಟರಲ್ಲಿ ಸಂಸಾರ ತೂಗಿಸಬೇಕಾದರೆ ಹೀಗೆ ಹಂಚಿಕೊಳ್ಳದೆ ಬೇರೆ ದಾರಿ ಇರಲಿಲ್ಲ.

ನನಗೆ ಬಹಳ ಇಷ್ಟವಾದ ಡಿಎಲ್ಎಲ್ ಒಂದಿದೆ, ಯುಎಸ್‌ಪಿ10.ಡಿಎಲ್ಎಲ್. ನೀವು ಯೂನಿಕೋಡ್‌ನಲ್ಲಿ ‘ಕ್ತ’ ಅಂತ ಟೈಪ್ ಮಾಡಿದರೆ ಕಂಪ್ಯೂಟರಿಗೆ ಸಿಗುವುದು ‘ಕ’, ‘್’, ‘ತ’ ಎಂಬ ಮೂರು ಸಂಕೇತ ಮಾತ್ರ. ‘ತ’ವನ್ನು ಒತ್ತಾಗಿ ಮಾಡಿ ‘ಕ’ದ ಕೆಳಗೆ ಕೂರಿಸಬೇಕು ಅಂತ ಗೊತ್ತಿರುವುದು ಈ ಲೈಬ್ರರಿಗೆ. ಅಕ್ಷರದ ಆಕಾರ ಫಾಂಟಿನದು, ಜೋಡಿಸುವ ಕೆಲಸ ಇದರದು. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟ್ ಜೊತೆ ಕನ್ನಡ ಓಡಿದ್ದು ಇದರಿಂದಲೇ. ಈಗಿನ ಹಲವು ಪ್ರೋಗ್ರಾಮುಗಳು ಡಿರೈಟ್.ಡಿಎಲ್ಎಲ್ ಎಂಬ ಹೊಸದನ್ನು ಬಳಸುತ್ತವೆ. ಒಂದು ಅಕ್ಷರ ಕನ್ನಡ ಬಾರದವರು ಬರೆದ ಪ್ರೋಗ್ರಾಮಿನಲ್ಲೂ ನಮ್ಮ ಒತ್ತಕ್ಷರ ಸರಿಯಾಗಿ ಮೂಡುತ್ತದೆಯಲ್ಲ, ಅದು ಸಣ್ಣ ಮಾತಲ್ಲ.

ಈಗ ನಿಮ್ಮ ಫೈಲಿಗೆ ಬರೋಣ. ಎಂಎಸ್‌ವಿಸಿಪಿ140 ವಿಂಡೋಸಿನ ಸ್ವಂತ ಫೈಲ್ ಅಲ್ಲ. ಪ್ರೋಗ್ರಾಮು ಬರೆಯಲು ಮೈಕ್ರೋಸಾಫ್ಟ್ ಕೊಡುವ ವಿಷುವಲ್ ಸ್ಟುಡಿಯೋದ 2015 ಅಥವಾ ಅದರ ನಂತರದ ಆವೃತ್ತಿಯಲ್ಲಿ, ಸಿ ಪ್ಲಸ್ ಪ್ಲಸ್ ಎಂಬ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದ ಸಾಫ್ಟ್‌ವೇರ್‌ಗೆ ಬೇಕಾಗುವ ಲೈಬ್ರರಿ ಅದು. ಮೈಕ್ರೋಸಾಫ್ಟ್ ಅದನ್ನು ‘ವಿಷುವಲ್ ಸಿ ಪ್ಲಸ್ ಪ್ಲಸ್ ರಿಡಿಸ್ಟ್ರಿಬ್ಯೂಟಬಲ್’ ಎಂಬ ಪ್ಯಾಕೇಜಿನಲ್ಲಿ ಉಚಿತವಾಗಿ ಕೊಡುತ್ತದೆ. ಪ್ಯಾಕೇಜಿನಲ್ಲಿ ವಿಸಿರನ್‌ಟೈಮ್140 ಮುಂತಾದ ಇನ್ನೂ ಕೆಲವು ಇರುತ್ತವೆ, ಎಲ್ಲವೂ ಹೊಂದಿಕೊಂಡ ಆವೃತ್ತಿ. ಒಂದನ್ನೇ ಎಲ್ಲಿಂದಲೋ ತಂದರೆ ಮುಂದಿನದು ಇಲ್ಲ ಅಂತ ಬರುತ್ತದೆ. ಆದ್ದರಿಂದ ಡಿಎಲ್ಎಲ್ ಇಲ್ಲ ಅಂತ ಬಂದಾಗ ಆ ಫೈಲ್ ಎಲ್ಲಿ ಸಿಗುತ್ತದೆ ಅಂತ ಹುಡುಕಬೇಡಿ, ಅದು ಯಾರದು ಅಂತ ಹುಡುಕಿ.

ಇಳಕಲ್ಲಿನ ಸೀರೆ ಅಂಗಡಿಯವರೊಬ್ಬರು ಕಂಪ್ಯೂಟರ್ ತಂದಿದ್ದರು. “ಒಂದು ಫೈಲ್ ಇರಲಿಲ್ರಿ, ನೆಟ್‌ನ್ಯಾಗಿಂದ ತಂದು ಹಾಕೇನಿ, ಈಗ ಬ್ಯಾರೇನ ಬರಾಕತ್ತೈತಿ” ಅಂದರು. ಬರುತ್ತಿದ್ದದ್ದು 0ಎಕ್ಸ್‌ಸಿ000007ಬಿ ಎಂಬ ಎರರ್. ಪ್ರೋಗ್ರಾಮು, ಡಿಎಲ್ಎಲ್ ಎಲ್ಲಕ್ಕೂ 32 ಬಿಟ್, 64 ಬಿಟ್ ಅಂತ ಎರಡು ಬಗೆ ಇವೆ, ಒಂದು ಬಗೆಯ ಪ್ರೋಗ್ರಾಮಿಗೆ ಇನ್ನೊಂದು ಬಗೆಯ ಡಿಎಲ್ಎಲ್ ಆಗುವುದಿಲ್ಲ. ನೋಡಿದರೆ ಸಿಸ್ಟಮ್32ರಲ್ಲಿ 32 ಬಿಟ್‌ನ ಡಿಎಲ್ಎಲ್ ಕೂತಿತ್ತು. ಹೆಸರು ನೋಡಿ ಯಾರಿಗಾದರೂ ಅದೇ ಸರಿ ಅನಿಸುತ್ತದೆ, ಆದರೆ 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32ರಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್‌ನವು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿ ಇರುತ್ತವೆ. ಸಿಸ್ಟಮ್32 ಅಂತಲೇ ದಾರಿ ಬರೆದುಕೊಂಡ ಹಳೇ ಪ್ರೋಗ್ರಾಮುಗಳು ಕೆಡಬಾರದು ಅಂತ ಹೆಸರು ಬದಲಿಸಲಿಲ್ಲ. ತಂದಿಟ್ಟ ಫೈಲ್ ತೆಗೆದು, ಮೈಕ್ರೋಸಾಫ್ಟ್ ಸೈಟಿನಿಂದ ಪ್ಯಾಕೇಜ್ ಹಾಕಿದೆ, ಅವರೆದುರಿಗೇ ಬಿಲ್ ಪ್ರಿಂಟ್ ಆಯಿತು.

ಎರರ್ ಬಂದರೆ ಹೋಗಲಿ, ನನಗೆ ಹೆದರಿಕೆ ಇರುವುದು ಬೇರೆಯದಕ್ಕೆ. ಡಿಎಲ್ಎಲ್ ಒಳಗಿನ ಕೋಡ್ ತನ್ನನ್ನು ಕರೆದ ಪ್ರೋಗ್ರಾಮಿನ ಅಷ್ಟೂ ಅಧಿಕಾರದಿಂದ ಓಡುತ್ತದೆ. ಬಿಲ್ಲಿಂಗ್ ಸಾಫ್ಟ್‌ವೇರ್‌ಗೆ ಕಾಣುವ ಗಿರಾಕಿಗಳ ಲೆಕ್ಕ, ಪಾಸ್‌ವರ್ಡ್ ಎಲ್ಲ ಅದಕ್ಕೂ ಕಾಣುತ್ತದೆ. ಈಗಾಗಲೇ ಇಳಿಸಿದ್ದರೆ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ನೋಡಿ. ಡಿಜಿಟಲ್ ಸಿಗ್ನೇಚರ್ಸ್ ಎಂಬ ಟ್ಯಾಬಿನಲ್ಲಿ ಮೈಕ್ರೋಸಾಫ್ಟ್ ಹೆಸರು ಇಲ್ಲದಿದ್ದರೆ ತಕ್ಷಣ ಅಳಿಸಿ, ಆ್ಯಂಟಿವೈರಸ್‌ನಿಂದ ಪೂರ್ತಿ ಸ್ಕ್ಯಾನ್ ಮಾಡಿಸಿ.

ನೀವು ಮಾಡಬೇಕಾದದ್ದು ಇಷ್ಟು. ಮೈಕ್ರೋಸಾಫ್ಟ್ ಸೈಟಿನಲ್ಲಿ ಆ ಪ್ಯಾಕೇಜಿನ ಎಕ್ಸ್86 (32 ಬಿಟ್‌ನದು), ಎಕ್ಸ್64 (64 ಬಿಟ್‌ನದು) ಎಂಬ ಎರಡು ಫೈಲ್ ಸಿಗುತ್ತವೆ. ವಿಂಡೋಸ್ 64 ಬಿಟ್ ಇದ್ದರೂ ಎರಡನ್ನೂ ಹಾಕಿ, ಯಾಕೆಂದರೆ ಬಿಲ್ಲಿಂಗ್ ಸಾಫ್ಟ್‌ವೇರ್‌ಗಳಲ್ಲಿ 32 ಬಿಟ್‌ನವು ಇನ್ನೂ ಇವೆ. ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ. ಮುಂದೆ ಎಂದಾದರೂ ವಿಂಡೋಸಿನದೇ ಡಿಎಲ್ಎಲ್ ಕೆಟ್ಟಿದೆ ಅಂತ ಬಂದರೆ ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಎಸ್‌ಎಫ್‌ಸಿ, ಒಂದು ಸ್ಪೇಸ್, ಸ್ಲ್ಯಾಶ್, ಸ್ಕ್ಯಾನ್‌ನೌ ಅಂತ ಇಂಗ್ಲಿಷಿನಲ್ಲಿ ಹೊಡೆಯಿರಿ. ಕೆಟ್ಟ ಫೈಲುಗಳನ್ನು ವಿಂಡೋಸ್ ತನ್ನ ಪ್ರತಿಯಿಂದ ಸರಿಮಾಡಿಕೊಳ್ಳುತ್ತದೆ. ಸಾಫ್ಟ್‌ವೇರ್‌ನ ಸ್ವಂತ ಡಿಎಲ್ಎಲ್ ಆದರೆ ಆ್ಯಂಟಿವೈರಸ್ ಎತ್ತಿಟ್ಟಿದೆಯೇ ಅಂತ ಕ್ವಾರಂಟೈನ್ ಪಟ್ಟಿ ನೋಡಿ, ಇಲ್ಲವಾದರೆ ಸಾಫ್ಟ್‌ವೇರನ್ನೇ ಮತ್ತೆ ಇನ್‌ಸ್ಟಾಲ್ ಮಾಡಿ.

ಅಳಿಸುವ ಮಾತು. ದಿನಾಂಕ ಹಳೇದು ಅಂದಮಾತ್ರಕ್ಕೆ ಬಳಕೆಯಲ್ಲಿ ಇಲ್ಲ ಅಂತಲ್ಲ. ಕೆಲವು ಡಿಎಲ್ಎಲ್‌ಗಳನ್ನು ಪ್ರೋಗ್ರಾಮು ಬೇಕಾದಾಗ ಮಾತ್ರ ಕರೆಯುತ್ತದೆ. ಇವತ್ತು ಅಳಿಸಿದರೆ ಎಲ್ಲ ಸರಿ ಇರುವಂತೆ ಕಾಣುತ್ತದೆ, ತಿಂಗಳ ಕೊನೆಗೆ ರಿಪೋರ್ಟ್ ತೆಗೆಯಲು ಹೋದಾಗ ನಿಲ್ಲುತ್ತದೆ. ಆಗ ಕಾರಣ ನೆನಪಿಗೂ ಬರುವುದಿಲ್ಲ. ವಿನ್‌ಎಸ್‌ಎಕ್ಸ್‌ಎಸ್ ಫೋಲ್ಡರ್ ಬಹಳ ಜಾಗ ತಿನ್ನುತ್ತಿದೆ ಅನಿಸಿದರೂ ಅದಕ್ಕೆ ಕೈ ಹಾಕಬೇಡಿ. 90ರ ದಶಕದಲ್ಲಿ ಒಂದು ಸಾಫ್ಟ್‌ವೇರ್ ಹಾಕಿದರೆ ಅದರ ಡಿಎಲ್ಎಲ್ ಇನ್ನೊಂದರ ಡಿಎಲ್ಎಲ್ ಮೇಲೆ ಕೂತು ಅದನ್ನು ಕೆಡಿಸುತ್ತಿತ್ತು. ಬೇರೆ ಬೇರೆ ಆವೃತ್ತಿಗಳು ಅಕ್ಕಪಕ್ಕ ಇರಲಿ ಅಂತ ಮಾಡಿದ ಜಾಗ ಅದು. ಅಲ್ಲಿನ ಎಷ್ಟೋ ಫೈಲುಗಳು ಸಿಸ್ಟಮ್32ರಲ್ಲಿಯೂ ಕಾಣುತ್ತವೆ, ಡಿಸ್ಕಿನಲ್ಲಿ ಮಾತ್ರ ಒಂದೇ ಪ್ರತಿ, ಹಾಗಾಗಿ ಎಕ್ಸ್‌ಪ್ಲೋರರ್ ತೋರಿಸುವ ಸೈಜ್ ನಿಜಕ್ಕಿಂತ ಹೆಚ್ಚು. ಜಾಗ ಬೇಕಾದರೆ ಡಿಸ್ಕ್ ಕ್ಲೀನಪ್ ತೆರೆದು ‘ಕ್ಲೀನಪ್ ಸಿಸ್ಟಮ್ ಫೈಲ್ಸ್’ ಒತ್ತಿ, ವಿಂಡೋಸ್ ಅಪ್‌ಡೇಟ್ ಕ್ಲೀನಪ್‌ಗೆ ಟಿಕ್ ಹಾಕಿ. ಡೌನ್‌ಲೋಡ್ಸ್ ಫೋಲ್ಡರ್ ಕೂಡ ನೋಡಿ, ನನ್ನ ಹತ್ತಿರ ಬರುವ ಕಂಪ್ಯೂಟರುಗಳಲ್ಲಿ ಜಾಗ ಹೆಚ್ಚಾಗಿ ಅಲ್ಲಿಯೇ ಹೋಗಿರುತ್ತದೆ.

ಪ್ಯಾಕೇಜ್ ಎರಡೂ ಹಾಕಿದ ಮೇಲೆ ಮತ್ತೆ ಎರರ್ ಬಂದರೆ ಅದರ ಪೂರ್ತಿ ಸಾಲು, ನಿಮ್ಮ ವಿಂಡೋಸ್ ಯಾವುದು ಅನ್ನುವುದನ್ನು ಇಲ್ಲಿಯೇ ಬರೆಯಿರಿ, ನೋಡಿ ಹೇಳುತ್ತೇನೆ.