ಫ್ಯೂಚರಾಮಾ ಕಾರ್ಟೂನ್‌ನಲ್ಲಿ ನಿಜವಾದ ವಿಜ್ಞಾನ ಏನಾದರೂ ಇದೆಯಾ, ಇಲ್ಲ ಸುಮ್ನೆ ತಮಾಷೆನಾ?

ಇದೆ, ಅದರಲ್ಲೂ ಗಣಿತ. 2010ರ ಒಂದು ಕಂತಿನಲ್ಲಿ ಯಂತ್ರವೊಂದು ಪಾತ್ರಗಳ ಮನಸ್ಸುಗಳನ್ನು ಅದಲುಬದಲು ಮಾಡುತ್ತದೆ. ತೊಡಕು ಏನಂದ್ರೆ, ಒಮ್ಮೆ ಬದಲಾದ ಅದೇ ಜೋಡಿಯನ್ನು ಮತ್ತೆ ಬದಲಿಸಲು ಆಗುವುದಿಲ್ಲ. ಎಷ್ಟೇ ಗೋಜಲಾಗಿರಲಿ, ಹೊಸದಾಗಿ ಇಬ್ಬರು ಸೇರಿದರೆ ಸಾಕು, ಎಲ್ಲರೂ ತಮ್ಮ ತಮ್ಮ ದೇಹಕ್ಕೆ ಮರಳಬಹುದು. ಗಣಿತದಲ್ಲಿ ಪಿಎಚ್‌ಡಿ ಮಾಡಿದ್ದ ಬರಹಗಾರ ಕೆನ್ ಕೀಲರ್ ಈ ಕಂತಿಗಾಗಿಯೇ ಇದನ್ನು ಗಣಿತದಿಂದ ಸಾಬೀತುಪಡಿಸಿದರು. ಕಂತಿನಲ್ಲಿ ಬೋರ್ಡಿನ ಮೇಲೆ ಆ ಸಾಬೀತು ಕಾಣುತ್ತದೆ, ವಿಡಿಯೋ ನಿಲ್ಲಿಸಿ ಓದಿ.

ಉಳಿದದ್ದು ತಮಾಷೆಯೇ, ಆದರೆ ಚುಚ್ಚುವ ತಮಾಷೆ. 1999ರ ಕೊನೆಯ ರಾತ್ರಿ ಹೆಪ್ಪುಗಟ್ಟಿದ ನ್ಯೂಯಾರ್ಕಿನ ಪಿಜ್ಜಾ ಹುಡುಗ ಫ್ರೈ, ಸಾವಿರ ವರ್ಷದ ಮೇಲೆ ಎದ್ದು ಮತ್ತೆ ಡೆಲಿವರಿ ಕೆಲಸಕ್ಕೇ ಸೇರುತ್ತಾನೆ! ಅಲ್ಲಿ ಭೂಮಿ ಬಿಸಿಯಾದರೆ ಹ್ಯಾಲಿ ಧೂಮಕೇತುವಿನ ಐಸ್ ತಂದು ಸಮುದ್ರಕ್ಕೆ ಹಾಕುತ್ತಾರೆ. ಪ್ರತಿ ಸಲ ಇನ್ನಷ್ಟು ದೊಡ್ಡ ಗಡ್ಡೆ.