ಅಮ್ಮನಿಗೆ ಚೂಡಿದಾರ್ ಬೇಕು, ಅಪ್ಪನಿಗೆ ಬೇಡ

ಪ್ರಶ್ನೆ: ಅಮ್ಮನಿಗೆ 48 ವರ್ಷ, ಪೀಣ್ಯದಲ್ಲಿ ಗಾರ್ಮೆಂಟ್ಸ್ ಕೆಲಸ. ಇಷ್ಟು ವರ್ಷ ಸೀರೆ ಉಟ್ಟೇ ಹೋಗುತ್ತಿದ್ದರು. ಈಗ ಚೂಡಿದಾರ್ ಹಾಕ್ಕೊಳ್ತೀನಿ ಅಂತಾರೆ. ಅಪ್ಪ "ಈ ವಯಸ್ಸಲ್ಲಿ ಯಾಕೆ, ಸಂಸ್ಕೃತಿ ಅನ್ನೋದು ಬೇಡ್ವಾ" ಅಂತ ಮಾತು ಬಿಟ್ಟಿದ್ದಾರೆ. ನಾನು ಯಾರ ಪರ ನಿಲ್ಲಲಿ?
– ಓದುಗಿ, ಲಗ್ಗೆರೆ

ಉತ್ತರ: ಅಮ್ಮನ ಪರ ನಿಲ್ಲಿ.

ಬೆಳಿಗ್ಗೆ ಕೆಲಸಕ್ಕೆ ಹೋಗುವ ಹೊತ್ತಲ್ಲಿ ಪೀಣ್ಯದ ಬಸ್ ಹತ್ತುವ ಹೆಂಗಸರನ್ನು ಒಮ್ಮೆ ನೋಡಿ. ಒಂದು ಕೈಯಲ್ಲಿ ಊಟದ ಬ್ಯಾಗು, ಇನ್ನೊಂದರಲ್ಲಿ ಕಂಬಿ, ನೆರಿಗೆ ಎತ್ತಿ ಹಿಡಿಯಲು ಕೈಯೇ ಇಲ್ಲ. ಹಿಂದಿನವರು ಸೆರಗು ತುಳಿದು, ಭುಜದ ಪಿನ್ನು ಕಿತ್ತು, ರವಿಕೆಯೇ ಹರಿದು ಒಬ್ಬರು ಕಣ್ಣೀರು ಹಾಕಿದ್ದನ್ನು ನಾನು ಕಂಡಿದ್ದೇನೆ. ಅಮ್ಮ ಸುಮ್ನೆ ಶೋಕಿಗೆ ಕೇಳುತ್ತಿಲ್ಲ. ಹೊರಗೆ ದುಡಿಯುವವರಿಗೆ ಆ ದುಡಿಮೆಗೆ ತಕ್ಕ ಬಟ್ಟೆ ಬೇಕು ಅಲ್ವಾ?

ಮನೆಯಲ್ಲಿ ಮುತ್ತಜ್ಜನ ಫೋಟೊ ಇದ್ದರೆ ಅಪ್ಪನ ಮುಂದೆ ಇಡಿ. ಹಳೇ ಬೆಂಗಳೂರಿನ ಆಫೀಸುಗಳಿಗೆ ಗಂಡಸರು ಕಚ್ಚೆಪಂಚೆ ಉಟ್ಟು, ಮೇಲೆ ಕೋಟು ತೊಟ್ಟು, ತಲೆಗೆ ಪೇಟ ಸುತ್ತಿಕೊಂಡು ಹೋಗುತ್ತಿದ್ದರು. ಆಮೇಲೆ ಪೇಟ ಹೋಯಿತು, ಜುಟ್ಟು ಹೋಗಿ ಕ್ರಾಪು ಬಂತು, ಪಂಚೆ ಹೋಗಿ ಪ್ಯಾಂಟು ಬಂತು. ಆಗ ಸಂಸ್ಕೃತಿ ಹಾಳಾಯಿತು ಅಂತ ಯಾವ ಹೆಂಡತಿ ಗಂಡನ ಜೊತೆ ಮಾತು ಬಿಟ್ಟಳು?

ಬಟ್ಟೆ ನೋಡಿ ಮನುಷ್ಯರ ಮಟ್ಟ ಅಳೆಯುವ ಚಾಳಿ ಬಹಳ ಹಳೆಯದು. ಈಗಿನ ಕೇರಳದ ದಕ್ಷಿಣಕ್ಕಿದ್ದ ತಿರುವಾಂಕೂರು ಸಂಸ್ಥಾನದಲ್ಲಿ, ಕೆಳಜಾತಿ ಅನ್ನಿಸಿಕೊಂಡಿದ್ದ ನಾಡಾರ್ ಹೆಂಗಸರು ಎದೆ ಮುಚ್ಚಿಕೊಳ್ಳುವ ಹಕ್ಕಿಗಾಗಿ ದಶಕಗಟ್ಟಲೆ ಏಟು ತಿಂದು ಹೋರಾಡಿದರು, 1859ರಲ್ಲಿ ರಾಜ ಒಪ್ಪಬೇಕಾಯಿತು. ಕೆಳಗಿದ್ದವರು ತಮಗೆ ಸರಿಸಮ ಕಾಣುತ್ತಾರಲ್ಲ ಅನ್ನುವುದೇ ಮೇಲಿನವರ ಸಿಟ್ಟು. ನಮ್ಮ ಊರಲ್ಲೇ 2024ರ ಜುಲೈನಲ್ಲಿ, ಮಾಗಡಿ ರಸ್ತೆಯ ಮಾಲ್ ಒಂದರಲ್ಲಿ ಪಂಚೆ ಉಟ್ಟ ರೈತರೊಬ್ಬರನ್ನು ಒಳಗೆ ಬಿಡಲಿಲ್ಲ. ಜನ ರೊಚ್ಚಿಗೆದ್ದ ಮೇಲೆ ಸರ್ಕಾರ 7 ದಿನ ಬಾಗಿಲು ಹಾಕಿಸಿತು. ಪಂಚೆ ಉಡುವುದು ಆ ರೈತರ ಇಷ್ಟ ಅಂತ ಅಪ್ಪ ಒಪ್ಪುತ್ತಾರೆ ತಾನೆ? ಅಮ್ಮನದೂ ಅಷ್ಟೇ.

ಅಪ್ಪನನ್ನು ಜಾಸ್ತಿ ಬೈಯಬೇಡಿ, ಅವರಿಗೆ ನೆಂಟರ ಬಾಯಿಯ ಭಯ. ಬಟ್ಟೆ ತರಲು ಚಿಕ್ಕಪೇಟೆಗೆ ಅವರನ್ನೂ ಕರೆದುಕೊಂಡು ಹೋಗಿ, ಬಣ್ಣ ಅವರೇ ಆರಿಸಲಿ. ಹೊಲಿಯಲು ಕೊಡುವಾಗ ಟಾಪಿಗೆ ಒಂದು ಆಳವಾದ ಜೇಬು ಇಡಿಸುವುದು ಮರೆಯಬೇಡಿ. ಬಸ್ಸಲ್ಲಿ ಫ್ರೀ ಟಿಕೆಟ್‌ಗೆ ತೋರಿಸುವ ಆಧಾರ್ ಕಾರ್ಡು ಕೈಗೆ ಸಿಗುವ ಹಾಗಿರಲಿ.